ಮದಶಕ್ತಿಯೂ ಚೈತನ್ಯವೂ

ದೇವನಹಳ್ಳಿಯನ್ನು ಹಿಂದಿಕ್ಕಿ ಚಿಕ್ಕಬಳ್ಳಾಪುರದ ಕಡೆಗೆ ಸಾಗುವ ಹೆದ್ದಾರಿಯ ಮಗ್ಗುಲಲ್ಲಿರುವ ಆವತಿಯು ನಾಡಪ್ರಭುಗಳ ಮನೆತನಕ್ಕೆ ಮೂಲಸ್ಥಾನವೆನಿಸಿದ ಊರು. ಮಗಳ ಮಾನವನ್ನು ಕಾಯುವುದಕ್ಕಾಗಿ ಕಾಂಚಿಯ ಸೀಮೆಯನ್ನು ತೊರೆದು ಬಂದ ರಣಭೈರೇಗೌಡನಿಗೂ ಅವನ ಬಂಧುಗಳಿಗೂ, ಆ ಕನ್ಯೆಯು ತನ್ನ ಕಿವಿಯ ಓಲೆಯನ್ನು ಅರ್ಪಿಸಿದೊಡನೆ, ತುಂಬಿ ಹರಿಯುತ್ತಿದ್ದ ಪಾಲಾರ್ ನದಿಯು ಇಬ್ಭಾಗವಾಗಿ ದಾರಿ ಬಿಟ್ಟಿತೆಂಬುದು ಅಲ್ಲಿಯ ಐತಿಹ್ಯ. ಇಂತಹ ಅದ್ಭುತವನ್ನು ತಲೆಮಾರುಗಳಿಂದ ಹೇಳಿಕೊಂಡು ಬಂದ ಸೀಮೆಯ ಜನರು, ಇರುಳಿನಲ್ಲಿ ಮಡಕೆಯೊಳಗೆ ಮುಚ್ಚಿಟ್ಟ ರಾಗಿಯ ಅಂಬಲಿಯು ಬೆಳಗಾಗುವಷ್ಟರಲ್ಲಿ ಹುಳಿಯೇರಿ ಬೇರೊಂದೇ ಪಾನವಾಗಿರುವುದನ್ನಾಗಲಿ, ಈಚಲಮರದಿಂದ ಇಳಿಸಿದ ಸಿಹಿಯಾದ ರಸವು ಬಿಸಿಲೇರುತ್ತಲೇ ಹೆಂಡವಾಗುವುದನ್ನಾಗಲಿ ಅದ್ಭುತಗಳ ಲೆಕ್ಕಕ್ಕೆ ಸೇರಿಸಿದವರಲ್ಲ. ನದಿಯು ದಾರಿ ಬಿಟ್ಟುದು ಒಮ್ಮೆ. ಇದಾದರೋ ನಿತ್ಯವೂ ನಡೆಯತಕ್ಕದ್ದು, ಆದುದರಿಂದಲೇ ನಮ್ಮ ಕಣ್ಣಿಗೆ ಬೀಳದು.

ಆದರೆ ಪ್ರಾಚೀನರಲ್ಲಿ ಒಬ್ಬ ತಾರ್ಕಿಕನ, ಎಂದರೆ ಚಾರ್ವಾಕನ, ಕಣ್ಣಿಗೆ ಅದು ಬಿದ್ದಿತು. ವಿಜಯನಗರದ ಕಾಲದಲ್ಲಿ, ಕ್ರಿಸ್ತಶಕ 14ನೆಯ ಶತಮಾನದಲ್ಲಿ ರಚಿತವಾದ ಮಾಧವಾಚಾರ್ಯರ ಸರ್ವದರ್ಶನಸಂಗ್ರಹವು ಚಾರ್ವಾಕಮತದಿಂದಲೇ ಆರಂಭವಾಗುವುದು. ಅಕ್ಕಿ, ಬೆಲ್ಲ ಮೊದಲಾದ ಪದಾರ್ಥಗಳಲ್ಲಿ ಒಂದೊಂದರಲ್ಲಿಯೂ ಕಾಣದಿರುವ ಮದಶಕ್ತಿಯು, ಅವು ಕಿಣ್ವದೊಡನೆ ಕೂಡಿ ಹುದುಗಿದಾಗ ಹೇಗೆ ಹೊಸದಾಗಿ ಹುಟ್ಟುವುದೋ, ಹಾಗೆಯೇ ಪೃಥ್ವಿ, ಜಲ, ತೇಜಸ್ಸು, ವಾಯು ಎಂಬ ನಾಲ್ಕು ಭೂತಗಳು ದೇಹಾಕಾರದಲ್ಲಿ ಕೂಡಿದಾಗ ಚೈತನ್ಯವು ಹುಟ್ಟುವುದು, ಅವು ಅಗಲಿದಾಗ ಅಳಿಯುವುದು, ಆತ್ಮವೆಂಬ ಬೇರೊಂದು ತತ್ತ್ವದ ಕಲ್ಪನೆ ಅನಾವಶ್ಯಕ ಎಂಬುದು ಆ ಮತದ ಸಾರ. ನಾಸ್ತಿಕನ ವಾದವೆಂದು ಇದನ್ನು ಹಾಸ್ಯಕ್ಕೆ ಒಪ್ಪಿಸುವವರುಂಟು; ನನಗಂತೂ ನಮ್ಮ ದರ್ಶನಗಳಲ್ಲಿ ಇದಕ್ಕಿಂತ ಚುರುಕಾದ ದೃಷ್ಟಾಂತ ಕಂಡಿಲ್ಲ. ಹೆಂಡದ ಮಡಕೆಯೊಂದನ್ನು ಮುಂದಿಟ್ಟುಕೊಂಡು ಪರಲೋಕವನ್ನೇ ಅಲುಗಿಸುವುದು ಸಾಮಾನ್ಯ ಬುದ್ಧಿಯ ಕೆಲಸವಲ್ಲ.

ಶಂಕರಭಗವತ್ಪಾದರೂ ಇದನ್ನು ಹಗುರವಾಗಿ ಕಾಣಲಿಲ್ಲ. ಬ್ರಹ್ಮಸೂತ್ರಭಾಷ್ಯದ ಮೂರನೆಯ ಅಧ್ಯಾಯದ ಮೂರನೆಯ ಪಾದದಲ್ಲಿ ಈ ಪೂರ್ವಪಕ್ಷವನ್ನು ಮದಶಕ್ತಿಯ ಉಪಮಾನದೊಡನೆಯೇ ಎತ್ತಿಕೊಂಡು ಅವರು ಕೊಡುವ ಉತ್ತರವು ಎರಡು ಬಗೆಯದು. ದೇಹದ ಧರ್ಮಗಳಾದ ರೂಪಾದಿಗಳು ಮರಣಾನಂತರವೂ ಹೆಣದಲ್ಲಿ ತೋರುವುವು, ಚೈತನ್ಯ ಮತ್ತು ಸ್ಮೃತಿಗಳಾದರೋ ತೋರವು; ಮೇಲಾಗಿ ಭೂತಗಳು ಅರಿಯಲ್ಪಡುವ ವಸ್ತುಗಳಾಗಿರುವುದರಿಂದ ಅವುಗಳ ಧರ್ಮವೇ ಅವುಗಳನ್ನು ಅರಿಯುವುದೆಂಬುದು, ಬೆಂಕಿಯು ತನ್ನನ್ನು ತಾನೇ ಸುಟ್ಟುಕೊಳ್ಳುವುದೆಂಬಂತೆ ವಿರುದ್ಧವಾದ ಮಾತು. ಸಾಂಖ್ಯಸೂತ್ರಕಾರನ ಉತ್ತರ ಇನ್ನೂ ನೇರವಾದುದು: ಮದಶಕ್ತಿಯು ಒಂದೊಂದು ಪದಾರ್ಥದಲ್ಲಿಯೂ ಸೂಕ್ಷ್ಮವಾಗಿ ಇದ್ದುದರಿಂದಲೇ ಸಂಘಾತದಲ್ಲಿ ವ್ಯಕ್ತವಾಯಿತು, ಚೈತನ್ಯವು ಭೂತಗಳಲ್ಲಿ ಬಿಡಿಬಿಡಿಯಾಗಿ ಎಲ್ಲಿಯೂ ಕಾಣದು.

ಈ ವ್ಯವಹಾರದಲ್ಲಿ ಸಾಕ್ಷಿ ಹೇಳತಕ್ಕ ಮತ್ತೊಂದು ಪಕ್ಷವು ಬಹುಕಾಲದ ಮೇಲೆ ಬಂದಿತು. 1857ರಿಂದ ಮೊದಲುಗೊಂಡು ಫ್ರಾನ್ಸಿನ ಲೂಯಿ ಪಾಶ್ಚರನು ಹುದುಗುವಿಕೆಯು ಜೀವಾಣುಗಳ ವ್ಯಾಪಾರವೆಂದು ತೋರಿಸಿದನು. ಆವತಿಯ ಆಸುಪಾಸಿನ ತೋಟಗಳಲ್ಲಿ ಬೆಳೆಯುವ ಬೆಂಗಳೂರು ನೀಲಿ ದ್ರಾಕ್ಷಿಯನ್ನು ಹಿಂಡಿ ಇಟ್ಟರೆ, ಸಿಪ್ಪೆಗೆ ಅಂಟಿಕೊಂಡು ಬಂದ ಯೀಸ್ಟೇ ಅದರ ಸಕ್ಕರೆಯನ್ನುಂಡು ಮದ್ಯಸಾರವನ್ನೂ ಇಂಗಾಲದ ಡೈಆಕ್ಸೈಡನ್ನೂ ಹೊರಗೆಡಹುವುದು. ಹಾಗಾದರೆ ಚಾರ್ವಾಕನ ಮಡಕೆಯೊಳಗೆ ಕೇವಲ ಜಡವೇ ಇರಲಿಲ್ಲ. ಅವನು ಯಾವ ಚೈತನ್ಯವನ್ನು ಜಡದಿಂದ ಹುಟ್ಟಿಸಹೊರಟನೋ ಅದರ ಸಜಾತಿಯೊಂದು ಮೊದಲೇ ಅಲ್ಲಿ ಮನೆಮಾಡಿತ್ತು! ವೇದಾಂತಿಯು ಇಷ್ಟಕ್ಕೇ ಸಂತೋಷಪಡುವಂತಿಲ್ಲ. 1897ರಲ್ಲಿ ಜರ್ಮನಿಯ ಎಡ್ವರ್ಡ್ ಬುಕ್ನರನು ಯೀಸ್ಟನ್ನು ಅರೆದು ಹಿಂಡಿ, ಜೀವಕೋಶವೇ ಇಲ್ಲದ ಬರಿಯ ರಸದಿಂದ ಸಕ್ಕರೆಯನ್ನು ಹುದುಗಿಸಿ ತೋರಿಸಿದನು; 1907ರಲ್ಲಿ ಅವನಿಗೆ ನೊಬೆಲ್ ಪಾರಿತೋಷಕವೂ ಸಂದಿತು. ಚಾರ್ವಾಕನು ಮತ್ತೆ ಮೀಸೆ ತಿರುವಬಹುದು. ಆದರೂ ಆ ರಸವನ್ನು ಹಿಂಡಿದುದು ಒಮ್ಮೆ ಬದುಕಿದ್ದ ಯೀಸ್ಟಿನಿಂದಲೇ ಅಲ್ಲವೆ?

ವಾದವು ಇಲ್ಲಿಗೆ ಶಾಲೆಯ ಜಗಲಿಯಿಂದ ಇಳಿದು ಸಾಧನೆಯ ಅಂಗಳಕ್ಕೆ ಬರುವುದು. ಚೈತನ್ಯವು ಪದಾರ್ಥಗಳ ಸಂಯೋಗದಿಂದಾದ ಫಲವಾಗಿದ್ದರೆ, ಇನ್ನೊಂದು ಪದಾರ್ಥವನ್ನು ಕುಡಿದು ಅದನ್ನು ಮೇಲೇರಿಸಬಹುದೆಂಬ ಆಸೆ ಸಹಜವೇ. ಕಥೆಗಾರರು ಕಲ್ಪಿಸಿದ ಲೋಕಗಳಲ್ಲೆಲ್ಲ ಇಂತಹ ಪಾನವೊಂದು ಇದ್ದೇ ಇರುವುದು: ಉತ್ತರ ಯುರೋಪಿನ ಪುರಾಣದಲ್ಲಿ ಜೇನಿನಿಂದ ಹುದುಗಿಸಿದ, ಕುಡಿದವನನ್ನು ಕವಿಯನ್ನಾಗಿ ಮಾಡುವ ಮಧು, ನಮ್ಮಲ್ಲಿ ಅಮೃತ. ಋಗ್ವೇದದ ಒಂಬತ್ತನೆಯ ಮಂಡಲವು ಬಹುಮಟ್ಟಿಗೆ ಸೋಮನಿಗೇ ಮೀಸಲು. ಆ ಸೋಮವಾದರೂ ಹಿಂಡಿ, ಸೋಸಿ, ಆಯಾ ಸವನದಲ್ಲಿಯೇ ಆಹುತಿಯಿತ್ತು ಕುಡಿಯುವ ರಸವಾಗಿತ್ತೇ ಹೊರತು ಹುದುಗಿದ ಮದ್ಯವಲ್ಲ. ಹುದುಗಿದ ಸುರೆಗೆ ಸೌತ್ರಾಮಣಿಯಾಗದಲ್ಲಿ ಸ್ಥಾನವಿತ್ತ ಪರಂಪರೆಯೇ, ಕಚನ ಬೂದಿಯನ್ನು ಸುರೆಯೊಡನೆ ಅರಿಯದೆ ಕುಡಿದ ಶುಕ್ರಾಚಾರ್ಯನಿಂದ ಬ್ರಾಹ್ಮಣನ ಸುರಾಪಾನಕ್ಕೆ ಶಾಪವನ್ನೂ ಕೊಡಿಸಿತು. ಹನ್ನೆರಡನೆಯ ಶತಮಾನದ ಶರಣರಲ್ಲಿ ಹೆಂಡ ಮಾರುವ ಕಾಯಕದ ಮಾರಯ್ಯನೂ ಒಬ್ಬ ವಚನಕಾರನಾಗಿದ್ದನು; ಅವನನ್ನು ಶರಣನನ್ನಾಗಿ ಮಾಡಿದುದು ಮಡಕೆಯೊಳಗಿನ ಪದಾರ್ಥವಲ್ಲವೆಂಬುದು ಸ್ಪಷ್ಟ.

ಈ ವಿಷಯದಲ್ಲಿ ಪತಂಜಲಿಯಷ್ಟು ನಿಷ್ಪಕ್ಷಪಾತಿಯಾದ ತೀರ್ಪುಗಾರರು ವಿರಳ. ಯೋಗಸೂತ್ರದ ಕೈವಲ್ಯಪಾದದ ಮೊದಲನೆಯ ಸೂತ್ರದಲ್ಲಿಯೇ ಜನ್ಮ, ಮಂತ್ರ, ತಪಸ್ಸು, ಸಮಾಧಿಗಳೊಡನೆ ಓಷಧಿಯನ್ನೂ ಸಿದ್ಧಿಯ ಸಾಧನವೆಂದು ಅವನು ಸಂಕೋಚವಿಲ್ಲದೆ ಒಪ್ಪಿಕೊಳ್ಳುವನು. ಆರನೆಯ ಸೂತ್ರದಲ್ಲಿ, ಇವುಗಳ ಪೈಕಿ ಧ್ಯಾನದಿಂದಾದ ಚಿತ್ತ ಮಾತ್ರವೇ ಕರ್ಮಸಂಸ್ಕಾರದ ಶೇಷವಿಲ್ಲದ್ದೆಂದು ಮುಗಿಸುವನು. ಪಾನದಿಂದ ಶಕ್ತಿ ಬರಬಹುದು, ಮುಕ್ತಿ ಬಾರದು ಎಂಬುದು ಇದರ ತಾತ್ಪರ್ಯವೆಂದು ನಾನು ತಿಳಿದಿರುವೆನು. 1932ರಲ್ಲಿ ಆಲ್ಡಸ್ ಹಕ್ಸ್‌ಲಿಯು ತನ್ನ ಕಾದಂಬರಿಯ ಕಲ್ಪಿತ ಲೋಕದ ಪ್ರಜೆಗಳಿಗೆ ದುಃಖ ಮರೆಸುವ ಗುಳಿಗೆಯನ್ನು ಹಂಚಿಸಿ, ಅದಕ್ಕೆ ಸೋಮವೆಂದೇ ಹೆಸರಿಟ್ಟನು; ಅಲ್ಲಿ ದುಃಖವು ಹೋದುದು ನಿಜ, ಅದರೊಡನೆ ಪ್ರಶ್ನೆ ಕೇಳುವವನೂ ಹೋದನು.

ಚಾರ್ವಾಕನ ದೃಷ್ಟಾಂತವು ಸೋತಿತೆಂದು ಹೇಳಲು ನಾನು ಸಿದ್ಧನಲ್ಲ, ಗೆದ್ದಿತೆಂದು ಹೇಳುವಷ್ಟು ಧೈರ್ಯವೂ ಇಲ್ಲ. ಸರ್ವದರ್ಶನಸಂಗ್ರಹದ ಮೊದಲ ಪ್ರಕರಣವನ್ನೂ ಮೇಲೆ ಹೇಳಿದ ಸೂತ್ರಭಾಷ್ಯದ ಭಾಗವನ್ನೂ ಒಟ್ಟಿಗೆ ಇಟ್ಟುಕೊಂಡು ಓದಿ, ವಾಚಕರು ತಾವೇ ವಿಚಾರಿಸಬೇಕೆಂದು ಕೋರುವೆನು.