ಮರೆಯಲ್ಲಿರುವವರು

ಬೆಳಕು ತೋರುವವನು ತಾನೂ ಕಾಣಬೇಕೇ? ಮೈಸೂರಿನಲ್ಲಿ 1923ರಲ್ಲಿ ಜನಿಸಿ, ಬೆಂಗಳೂರಿನಲ್ಲಿ ಛಾಯಾಗ್ರಹಣ ಕಲಿತ ವಿ. ಕೆ. ಮೂರ್ತಿಯವರ ಬಾಳು ಈ ಪ್ರಶ್ನೆಯನ್ನು ನಮ್ಮ ಮುಂದಿಡುತ್ತದೆ. ಗುರುದತ್ತರ ‘ಕಾಗಜ್ ಕೆ ಫೂಲ್’ (1959) ಚಿತ್ರಕ್ಕಾಗಿ ಅವರು ಹೊರಗಿನ ಬಿಸಿಲನ್ನು ಕನ್ನಡಿಗಳ ಮೂಲಕ ಕತ್ತಲ ಸ್ಟುಡಿಯೋದೊಳಗೆ ಹಾಯಿಸಿದರು. ನೋಡುಗರಿಗೆ ಬೆಳಕಿನ ಕೋಲು ಕಂಡಿತು, ಕನ್ನಡಿ ಕಾಣಲಿಲ್ಲ. ಛಾಯಾಗ್ರಾಹಕರೊಬ್ಬರಿಗೆ ಮೊದಲ ಬಾರಿಗೆ ಫಾಲ್ಕೆ ಪ್ರಶಸ್ತಿ ಸಂದದ್ದು 2010ರಲ್ಲಿ, ಮೂರ್ತಿಯವರ 86ನೆಯ ವಯಸ್ಸಿನಲ್ಲಿ.

ಸ್ನಾನಿಕ ಯೊವಾನ್ನರೂ ತಾವೇ ಬೆಳಕೆನ್ನಲಿಲ್ಲ. ಬೆಳಕಿನತ್ತ ಕೈತೋರಿ ಹಿಂದೆ ಸರಿದರು. ಹಾಗೆ ಮರೆಯಲ್ಲಿ ನಿಲ್ಲುವುದು ದೀನತೆ. ಆದರೆ ಆ ದೀನತೆಯನ್ನು ಇತರರಿಂದ ಅಪೇಕ್ಷಿಸುವ ಹಕ್ಕು ನಮಗಿಲ್ಲ. ಮರೆಯಲ್ಲಿ ದುಡಿಯುವುದು ಅವರ ಗುಣ. ಅವರನ್ನು ಮರೆಯುವುದು ನಮ್ಮ ದೋಷ. ಕೋಗಿಲಿನ ನಮ್ಮ ಮನೆಗಳಲ್ಲಿ ನಸುಕಿಗೇ ಏಳುವ ತಾಯಂದಿರಿಗೆ, ಬಲಿಪೂಜೆಗೆ ಮುನ್ನ ದೇವಾಲಯ ಗುಡಿಸುವವರಿಗೆ ಕೃತಜ್ಞತೆಯ ಮಾತು ಇಂದೇ ಸಲ್ಲಲಿ. ಅದಕ್ಕೆ ಅರ್ಧ ಶತಮಾನ ಕಾಯಬೇಕಿಲ್ಲ.