ಒಂದು ಚಿತ್ರ, ಇಡೀ ಓಟ



ನಾಗಾಲೋಟದಲ್ಲಿ ಓಡುವ ಕುದುರೆಯ ನಾಲ್ಕೂ ಕಾಲುಗಳು ಒಟ್ಟಿಗೆ ನೆಲ ಬಿಡುತ್ತವೆಯೇ? ಬರಿಗಣ್ಣಿಗೆ ಇದು ಸಿಕ್ಕುವುದಿಲ್ಲ. ಆದರೂ ಯುರೋಪಿನ ಚಿತ್ರಕಾರರು ಬಹುಕಾಲ ಒಂದೇ ರೀತಿ ಬರೆದರು: ಮುಂಗಾಲು ಮುಂದಕ್ಕೆ, ಹಿಂಗಾಲು ಹಿಂದಕ್ಕೆ ಚಾಚಿದ ಕುದುರೆ. ನೋಡಿದವರೂ ಅದನ್ನೇ ನಂಬಿದರು.

1878ರ ಜೂನ್‌ನಲ್ಲಿ ಕ್ಯಾಲಿಫೋರ್ನಿಯಾದ ಪಾಲೊ ಆಲ್ಟೊದಲ್ಲಿ ಎಡ್ವರ್ಡ್ ಮೈಬ್ರಿಜ್ ಎಂಬ ಛಾಯಾಗ್ರಾಹಕ ಓಟದ ಹಾದಿಯ ಪಕ್ಕ 12 ಕ್ಯಾಮೆರಾಗಳನ್ನು ಸಾಲಾಗಿ ಇಟ್ಟ. ಹಾದಿಗೆ ಅಡ್ಡಲಾಗಿ ದಾರಗಳನ್ನು ಕಟ್ಟಿದ. ಕುದುರೆ ಒಂದೊಂದು ದಾರ ದಾಟಿದಂತೆ ಒಂದೊಂದು ಚಿತ್ರ ಮೂಡಿತು. ಕುದುರೆ ನೆಲ ಬಿಡುವುದು ನಿಜವಾಗಿತ್ತು. ಆದರೆ ಕಾಲು ಚಾಚಿದಾಗಲ್ಲ, ನಾಲ್ಕನ್ನೂ ಹೊಟ್ಟೆಯಡಿ ಮಡಚಿಕೊಂಡಾಗ! ಬಹಳ ಜನ ಬಹಳ ಕಾಲ ಒಪ್ಪಿದ ಮಾತ್ರಕ್ಕೆ ಯಾವುದೂ ಸತ್ಯವಾಗುವುದಿಲ್ಲ. ಇದು ನಮಗೆ ಹೊಸ ಪಾಠವಲ್ಲ.

ಇನ್ನೊಂದು ಪಾಠವೂ ಇದೆ. ಕಾಲು ಮಡಚಿದ ಆ ಒಂದೇ ಚಿತ್ರವನ್ನು ನೋಡಿದರೆ ಕುದುರೆ ಓಡುತ್ತಿದೆ ಎನಿಸುವುದಿಲ್ಲ, ಮುಗ್ಗರಿಸುತ್ತಿದೆ ಎನಿಸುತ್ತದೆ. ಕಾಲ ಎಲ್ಲೂ ನಿಲ್ಲುವುದಿಲ್ಲ, ಆದ್ದರಿಂದ ನಿಂತ ಚಿತ್ರವೇ ಸುಳ್ಳು ಎಂದು ಫ್ರಾನ್ಸಿನ ಶಿಲ್ಪಿ ರೋಡಿನ್ ವಾದಿಸಿದ. ಮುಂದೆ ಮೈಬ್ರಿಜ್ ತನ್ನ ಚಿತ್ರಗಳ ಸಾಲನ್ನು ಗಾಜಿನ ತಟ್ಟೆಯ ಮೇಲೆ ಬರೆಸಿ, ತಿರುಗಿಸಿ, ಪರದೆಯ ಮೇಲೆ ತೋರಿಸಿದಾಗ ಕುದುರೆ ಮತ್ತೆ ಓಡಿತು. 1882ರಲ್ಲಿ ಫ್ರಾನ್ಸಿನ ಶರೀರವಿಜ್ಞಾನಿ ಮರೇ ಬಂದೂಕಿನ ಆಕಾರದ ಕ್ಯಾಮೆರಾ ಮಾಡಿ, ಹಾರುವ ಹಕ್ಕಿಯ 12 ಚಿತ್ರಗಳನ್ನು ಒಂದೇ ಸೆಕೆಂಡಿನಲ್ಲಿ ಹಿಡಿದ. ಅವನಿಗೂ ಬೇಕಾಗಿದ್ದುದು ಒಂದು ಚಿತ್ರವಲ್ಲ, ಸಾಲು.

ಹಾಗಾದರೆ ಒಂಟಿ ಚಿತ್ರ ಸುಳ್ಳೇ? ಅಲ್ಲ. ಅದು ನಿಜವೇ. 'ಇಷ್ಟೇ ಕುದುರೆ' ಎನ್ನುವುದು ಸುಳ್ಳು.

ಹುಟ್ಟು ಕೂಡ ಅಂಥ ಒಂದು ಕ್ಷಣ. ಜಾತಿ ಆ ಒಂದು ಚಿತ್ರವನ್ನು ಹಿಡಿದು ಮನುಷ್ಯನ ಇಡೀ ಬದುಕಿಗೆ ಬೆಲೆ ಕಟ್ಟುತ್ತದೆ. ಅದರ ನೋವು ನಮಗೆ ಗೊತ್ತು. ಆದರೆ ಪರೀಕ್ಷೆಯಲ್ಲಿ ಫೇಲಾದ ಮಗನನ್ನು, ಕುಡಿತ ಬಿಡಲಾಗದ ತಮ್ಮನನ್ನು, ಇನ್ನೂ ಹಳೆಯ ಜಾತ್ರೆಗೆ ಹೋಗುವ ಅಕ್ಕನನ್ನು ನಾವು ನೋಡುವ ರೀತಿ ಯಾವುದು?

ತಪ್ಪನ್ನು ತಪ್ಪು ಎನ್ನಬಾರದೆಂದಲ್ಲ. ಎನ್ನಲೇಬೇಕು. ಮುಗ್ಗರಿಸಿದಂತೆ ಕಾಣುವ ಚಿತ್ರವನ್ನು ಸಾಲಿನಿಂದ ಕಿತ್ತರೂ ಓಟ ತಿಳಿಯದು, ಅದೊಂದನ್ನೇ ಇಟ್ಟುಕೊಂಡರೂ ತಿಳಿಯದು.

ಇಂದು ಯಾರ ಬಗ್ಗೆಯಾದರೂ 'ಅವನು ಇಷ್ಟೇ' ಎನ್ನುವ ಮಾತು ಬಾಯಿಗೆ ಬಂದರೆ, ಅವರ ಹಿಂದಿನ ಹೆಜ್ಜೆ ಯಾವುದು ಎಂದು ವಿಚಾರಿಸೋಣ. ಮುಂದಿನ ಹೆಜ್ಜೆಗೆ ಜಾಗ ಬಿಡೋಣ.

ಜೈ ಭೀಮ್.