ಉಂಗುರದ ಮುಂದೆ ಸೋತವನು

ನೋಡಲು ಅದು ತೀರಾ ಸಾಧಾರಣವಾದ ಚಿನ್ನದ ಉಂಗುರ. ಹರಳಿಲ್ಲ, ಕಣ್ಣಿಗೆ ಕಾಣುವ ಕೆತ್ತನೆಯೂ ಇಲ್ಲ. ಬೆಂಕಿಗೆ ಹಾಕಿದಾಗ ಮಾತ್ರ ಅದರ ಮೈಮೇಲೆ ಉರಿಯುವ ಅಕ್ಷರಗಳು ಮೂಡುತ್ತವೆ. ಆದರೆ ಮನೆಯ ಒಲೆಯ ಬೆಂಕಿಯಲ್ಲಿ ಅದು ಕರಗುವುದಿರಲಿ, ಬಿಸಿಯೂ ಆಗುವುದಿಲ್ಲ. ಆಂಗ್ಲ ಸಾಹಿತಿ ಜೆ. ಆರ್. ಆರ್. ಟೋಲ್ಕಿನ್ 1954-55ರಲ್ಲಿ ಮೂರು ಸಂಪುಟಗಳಲ್ಲಿ ಪ್ರಕಟಿಸಿದ ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಎಂಬ ಬೃಹತ್ ಕಥನವೆಲ್ಲ ಈ ಉಂಗುರದ ಸುತ್ತಲೇ ತಿರುಗುತ್ತದೆ. ಸೌರಾನ್ ಎಂಬ ದುಷ್ಟ ಪ್ರಭು ಇತರರೆಲ್ಲರ ಮನಸ್ಸನ್ನು ಆಳುವ ಆಸೆಯಿಂದ ತನ್ನ ಶಕ್ತಿಯ ಬಹುಪಾಲನ್ನು ಇದರಲ್ಲಿ ತುಂಬಿ ರೂಪಿಸಿದ್ದಾನೆ. ಇದು ನಾಶವಾಗಬೇಕಾದರೆ ಹುಟ್ಟಿದ ಅಗ್ನಿಪರ್ವತದ ಒಡಲಿಗೇ ಮರಳಬೇಕು. ಆ ಹೊರೆ ಬೀಳುವುದು ವೀರರ ಮೇಲಲ್ಲ, ಫ್ರೋಡೋ ಎಂಬ ಕುಳ್ಳ ದೇಹದ, ಶಾಂತ ಸ್ವಭಾವದ ಹಳ್ಳಿಗನ ಮೇಲೆ.

ಮಾಯಾಜಾಲದ ಕಥೆ ಮಕ್ಕಳಿಗಷ್ಟೇ ಎಂದು ನೀವು ಪುಟ ತಿರುವುವ ಮುನ್ನ ಒಂದು ಮಾತು. ಟೋಲ್ಕಿನ್ 1916ರ ಸೋಮ್ ಯುದ್ಧದ ಕಂದಕಗಳನ್ನು ಕಂಡು ಬಂದವರು. ಬಾಲ್ಯದಲ್ಲೇ ತಂದೆ ತಾಯಿಯರನ್ನು ಕಳೆದುಕೊಂಡು ಕಥೋಲಿಕ ಗುರುವೊಬ್ಬರ ಪೋಷಣೆಯಲ್ಲಿ ಬೆಳೆದವರು. ತಮ್ಮ ಕೃತಿ ಮೂಲತಃ ಧಾರ್ಮಿಕವಾದುದು, ಕಥೋಲಿಕವಾದುದು ಎಂದು 1953ರಲ್ಲಿ ಯೇಸುಸಭೆಯ ಮಿತ್ರರೊಬ್ಬರಿಗೆ ಬರೆದಿದ್ದರು. ಆದರೂ ಕಥೆಯಲ್ಲಿ ಒಂದು ದೇವಾಲಯವಾಗಲಿ, ಗುರುವಾಗಲಿ ಇಲ್ಲ. ಉಂಗುರವೆಂದರೆ ಅಣುಬಾಂಬು ಎಂದು ಅರ್ಥ ಹಚ್ಚಿದವರನ್ನು ಅವರು ಒಪ್ಪಲಿಲ್ಲ. ನಡೆದ ಮಹಾಯುದ್ಧವೇ ಕಥೆಗೆ ಮಾದರಿಯಾಗಿದ್ದರೆ ಉಂಗುರವನ್ನು ಯಾರೂ ನಾಶಮಾಡುತ್ತಿರಲಿಲ್ಲ, ವಶಪಡಿಸಿಕೊಂಡು ಶತ್ರುವಿನ ಮೇಲೆಯೇ ಬಳಸುತ್ತಿದ್ದರು ಎಂದು ಮುಂದಿನ ಆವೃತ್ತಿಯ ಮುನ್ನುಡಿಯಲ್ಲಿ ಹೇಳಿದರು. ಕಹಿಯಾದ ಮಾತು, ಆದರೆ ನಿಜ.

ಗುರುಮಠದಲ್ಲಿ ತತ್ವಶಾಸ್ತ್ರ ಓದಿದವರಿಗೆ ಇನ್ನೊಂದು ಉಂಗುರ ನೆನಪಾಗದಿರದು. ಪ್ಲೇಟೋ ತನ್ನ ‘ರಿಪಬ್ಲಿಕ್’ ಗ್ರಂಥದ ಎರಡನೆಯ ಭಾಗದಲ್ಲಿ ಲಿಡಿಯಾ ದೇಶದ ಕುರುಬನೊಬ್ಬನಿಗೆ ಸಿಕ್ಕ ಉಂಗುರದ ಕಥೆ ಹೇಳಿಸುತ್ತಾನೆ. ಅದನ್ನು ತೊಟ್ಟು ತಿರುಗಿಸಿದವನು ಅದೃಶ್ಯನಾಗುತ್ತಾನೆ. ಕುರುಬ ಅರಸನನ್ನು ಕೊಂದು ಸಿಂಹಾಸನವೇರುತ್ತಾನೆ. ಸಿಕ್ಕಿಬೀಳುವ ಭಯವಿಲ್ಲದಿದ್ದರೆ ನ್ಯಾಯವಂತನೂ ಹೀಗೆಯೇ ಮಾಡಲಾರನೇ ಎಂಬುದು ಅಲ್ಲಿಯ ಪ್ರಶ್ನೆ. ಟೋಲ್ಕಿನ್ನರ ಉಂಗುರವೂ ತೊಟ್ಟವನನ್ನು ಮರೆಮಾಡುತ್ತದೆ, ಆದರೆ ಅದು ಒಡ್ಡುವ ಪ್ರಶ್ನೆ ಇನ್ನೂ ಆಳವಾದದ್ದು. ಇಲ್ಲಿ ಉಂಗುರವು ಕೆಟ್ಟವನ ದುರಾಸೆಯನ್ನಷ್ಟೇ ಅಲ್ಲ, ಒಳ್ಳೆಯವನ ಒಳ್ಳೆಯತನವನ್ನೂ ಹಿಡಿಕೆಯಾಗಿ ಬಳಸಿಕೊಳ್ಳುತ್ತದೆ. ಜ್ಞಾನಿಯಾದ ಗ್ಯಾಂಡಾಲ್ಫ್ ಅದನ್ನು ತನ್ನದಾಗಿ ತೆಗೆದುಕೊಳ್ಳಲು ಹೆದರುತ್ತಾನೆ, ಏಕೆಂದರೆ ದುರ್ಬಲರ ಮೇಲಿನ ಕರುಣೆಯ ದಾರಿಯಿಂದಲೇ ಅದು ತನ್ನೊಳಗೆ ಬರುವುದೆಂದು ಬಲ್ಲ. ಬೊರೊಮಿರ್ ಎಂಬ ಯೋಧ ತನ್ನ ನಾಡನ್ನು ಉಳಿಸಲೆಂದೇ ಅದಕ್ಕೆ ಕೈಚಾಚಿ ಜೊತೆಗಾರನ ಮೇಲೆಯೇ ಎರಗುತ್ತಾನೆ. ದೇಶಕ್ಕಾಗಿ, ಸಂಸ್ಥೆಗಾಗಿ, ಧರ್ಮಕ್ಕಾಗಿ ಎಂದು ಹೇಳಿಕೊಂಡು ಅಧಿಕಾರ ಹಿಡಿಯುವ ನಮಗೆಲ್ಲ (ಗುರುಗಳಾದ ನಮ್ಮನ್ನೂ ಸೇರಿಸಿಯೇ ಹೇಳುತ್ತೇನೆ) ಈ ಯೋಧ ಅಪರಿಚಿತನೇನಲ್ಲ.

ಇನ್ನು ಫ್ರೋಡೋನ ವಿಷಯ. ಹಸಿವು, ಬಾಯಾರಿಕೆ, ಗಾಯಗಳನ್ನು ತಾಳಿಕೊಂಡು, ಕೊನೆಯ ಏರನ್ನು ಸೇವಕ ಸ್ಯಾಮನ ಬೆನ್ನೇರಿ ಕ್ರಮಿಸಿ, ಆತ ಅಗ್ನಿಕುಂಡದ ಅಂಚಿಗೆ ಬರುತ್ತಾನೆ. ಎಸೆಯಬೇಕು ಅಷ್ಟೇ. ಆತ ಎಸೆಯುವುದಿಲ್ಲ! ಉಂಗುರ ತನ್ನದೆಂದು ಸಾರಿ ಬೆರಳಿಗೆ ತೊಡುತ್ತಾನೆ. ಬೆನ್ನಟ್ಟಿ ಬಂದ ಗೊಲ್ಲಮ್ ಎಂಬ ದೀನಜೀವಿ, ಅದೇ ಉಂಗುರದಿಂದ ಹಾಳಾದವನು, ಆ ಬೆರಳನ್ನೇ ಕಚ್ಚಿ ತುಂಡರಿಸಿ, ಸಂತೋಷದಿಂದ ಕುಣಿಯುತ್ತಾ ಕಾಲುಜಾರಿ ಉಂಗುರದೊಡನೆ ಕುಂಡಕ್ಕೆ ಬೀಳುತ್ತಾನೆ. 2003ರ ಚಲನಚಿತ್ರದಲ್ಲಿ ಫ್ರೋಡೋ ಎದ್ದು ಅವನೊಡನೆ ಸೆಣಸುವಂತೆ ತೋರಿಸಿದ್ದಾರೆ. ನಾಯಕ ಕೈಕಟ್ಟಿ ನಿಂತರೆ ಪ್ರೇಕ್ಷಕರು ಒಪ್ಪರೆಂದೋ ಏನೋ. ಗ್ರಂಥದಲ್ಲಿ ಆ ಸಮಾಧಾನವಿಲ್ಲ.

ಹಾಗಾದರೆ ಫ್ರೋಡೋ ದ್ರೋಹಿಯೇ? ಅವನನ್ನು ಸನ್ಮಾನಿಸುವ ಬದಲು ಗಲ್ಲಿಗೇರಿಸಬೇಕಿತ್ತು ಎಂದು ಓದುಗರೊಬ್ಬರು ಟೋಲ್ಕಿನ್ನರಿಗೆ ಸಿಟ್ಟಿನಿಂದ ಬರೆದದ್ದುಂಟು. ಅವರ ಉತ್ತರ ಬೇರೆಯಾಗಿತ್ತು. ಆ ಜಾಗದಲ್ಲಿ, ಆ ಸ್ಥಿತಿಯಲ್ಲಿ, ಯಾವ ಜೀವಿಯ ಸಂಕಲ್ಪವೂ ನಿಲ್ಲಲಾರದು. ತನ್ನಲ್ಲಿದ್ದುದನ್ನೆಲ್ಲ ವೆಚ್ಚಮಾಡಿದವನ ಸೋಲು ನೈತಿಕ ಸೋಲಲ್ಲ ಎಂಬುದು ಅವರ ನಿಲುವು. ಭಯ, ಬಲಾತ್ಕಾರ ಮುಂತಾದವುಗಳಿಂದ ಕೃತ್ಯವೊಂದರ ಹೊಣೆ ತಗ್ಗಬಹುದು, ಇಲ್ಲವಾಗಲೂಬಹುದು ಎಂದು ಕಥೋಲಿಕ ಧರ್ಮೋಪದೇಶವೂ (ಸಂಖ್ಯೆ 1735) ಕಲಿಸುತ್ತದೆ. ಪಾಪನಿವೇದನೆ ಆಲಿಸುವ ಗುರುಗಳೆಲ್ಲರೂ ಇದನ್ನು ಓದಿರುತ್ತೇವೆ. ಆದರೆ ಎದುರಿಗೆ ಕುಳಿತವನಿಗೆ ಅದನ್ನು ನಂಬಿಸುವುದು ಎಷ್ಟು ಕಷ್ಟ!

ಇಲ್ಲಿ ನಾವು ಗಮನಿಸಬೇಕಾದುದು ಗೊಲ್ಲಮ್ ಅಲ್ಲಿಯವರೆಗೆ ಬದುಕಿದ್ದುದು ಹೇಗೆ ಎಂಬುದನ್ನು. ಎಷ್ಟೋ ವರ್ಷಗಳ ಹಿಂದೆ ಫ್ರೋಡೋನ ಹಿರಿಯ ಬಂಧು ಬಿಲ್ಬೋ ಕತ್ತಲ ಗುಹೆಯಲ್ಲಿ ಕತ್ತಿ ಹಿಡಿದು ಅದೃಶ್ಯನಾಗಿ ನಿಂತಿದ್ದ. ಒಂದೇ ಇರಿತ ಸಾಕಿತ್ತು. ಆ ಜೀವಿಯ ಒಂಟಿತನವನ್ನು ನೆನೆದು ಮರುಗಿ ಬಿಟ್ಟುಬಿಟ್ಟ. ಬಳಿಕ ಫ್ರೋಡೋ ಕೊಲ್ಲದೆ ಬಿಟ್ಟ. ಕೊನೆಯ ಏರಿನಲ್ಲಿ, ಗೊಲ್ಲಮ್‌ನನ್ನು ಎಂದೂ ಸಹಿಸದ ಸ್ಯಾಮ್ ಸಹ ಎತ್ತಿದ ಕತ್ತಿಯನ್ನು ಇಳಿಸಿದ. ಹಾಗೆಂದು ಕರುಣೆ ಸುಲಭವಾಗಿ ಫಲ ಕೊಟ್ಟಿತೆಂದಲ್ಲ. ದಾರಿಯಲ್ಲೊಮ್ಮೆ ಗೊಲ್ಲಮ್ ಪಶ್ಚಾತ್ತಾಪದ ಹೊಸ್ತಿಲವರೆಗೆ ಬಂದು, ಮಲಗಿದ್ದ ಫ್ರೋಡೋನ ಮೊಣಕಾಲನ್ನು ಮೃದುವಾಗಿ ಮುಟ್ಟುತ್ತಾನೆ. ಆಗಷ್ಟೇ ಎಚ್ಚೆತ್ತ ಸ್ಯಾಮನ ಒಂದು ಒರಟು ಮಾತು ಅವನನ್ನು ಹಿಂದಕ್ಕೆ ತಳ್ಳಿಬಿಡುತ್ತದೆ. ಇಡೀ ಕಥೆಯಲ್ಲಿ ತಮಗೆ ಅತ್ಯಂತ ದುಃಖದ ಗಳಿಗೆ ಬಹುಶಃ ಅದೇ ಎಂದು ಟೋಲ್ಕಿನ್ ಬರೆದಿದ್ದಾರೆ. ಒಳ್ಳೆಯವನಾದ ಸ್ಯಾಮ್ ತಾನೇನು ಕೆಡಿಸಿದೆನೆಂದು ಆಗ ಅರಿಯಲೂ ಇಲ್ಲ.

ಉಂಗುರ ನಾಶವಾದ ದಿನ ಮಾರ್ಚ್ 25. ಅದು ಮಂಗಳವಾರ್ತೆಯ ಹಬ್ಬದ ದಿನವೆಂದು ನಿಮಗೆ ಹೇಳಬೇಕಿಲ್ಲ. ಪ್ರಭು ಕಲಿಸಿದ ಪ್ರಾರ್ಥನೆಯ ಕೊನೆಯ ಬೇಡಿಕೆಗಳನ್ನು ಈ ದೃಶ್ಯಕ್ಕೆ ಹೊಂದಿಸಿ ಟೋಲ್ಕಿನ್ ತಾವೇ ವಿವರಿಸಿದ್ದಾರೆ: ಪರರನ್ನು ಕ್ಷಮಿಸಿದವನಿಗೆ, ತನ್ನ ಬಲ ಮುಗಿದೆಡೆಯಲ್ಲಿ, ಕ್ಷಮೆಯೇ ಬಿಡುಗಡೆಯಾಗಿ ಬಂತು. ಉಂಗುರ ಕರಗಿದೊಡನೆ ಫ್ರೋಡೋ ಮಾಡುವ ಮೊದಲ ಕೆಲಸವೂ ಗೊಲ್ಲಮ್‌ನನ್ನು ಕ್ಷಮಿಸೋಣವೆಂದು ಸ್ಯಾಮನಿಗೆ ಹೇಳುವುದು.

ತನ್ನನ್ನು ಕ್ಷಮಿಸಿಕೊಳ್ಳುವುದು ಮಾತ್ರ ಅವನಿಗೆ ಸಾಧ್ಯವಾಗಲಿಲ್ಲ. ಅರಸರು ಗೌರವಿಸಿದರು, ಊರು ಮತ್ತೆ ಹಸಿರಾಯಿತು, ಸ್ಯಾಮನಿಗೆ ಮದುವೆಯಾಗಿ ಮಗುವೂ ಆಯಿತು. ಫ್ರೋಡೋ ಪ್ರತಿವರ್ಷ ಆ ದಿನಗಳು ಬಂದಾಗ ಕಾಯಿಲೆ ಬೀಳುತ್ತಾನೆ. ಕಳೆದುಹೋದ ಉಂಗುರಕ್ಕಾಗಿ ಇನ್ನೂ ಹಂಬಲಿಸುತ್ತಾನೆ, ಹಂಬಲಿಸಿದ್ದಕ್ಕಾಗಿ ನಾಚುತ್ತಾನೆ. ಕೊನೆಗೆ ಅವನನ್ನು ಹಡಗಿನಲ್ಲಿ ಸಮುದ್ರದಾಚೆಗೆ ಕಳುಹಿಸುತ್ತಾರೆ, ಸಾಯುವ ಮುನ್ನ ವಾಸಿಯಾದರೆ ಆಗಲಿ ಎಂದು. ಸ್ಯಾಮ್ ದಡದಲ್ಲಿ ಬಹಳ ಹೊತ್ತು ನಿಂತಿದ್ದು, ಕತ್ತಲಾದ ಮೇಲೆ ಮನೆಗೆ ಹೊರಡುತ್ತಾನೆ.